ಕಡತವಿಲ್ಲದ ಭೂಮಿಗೆ ಒಡೆಯರಾರು?

ಹೊಸಪೇಟೆಯ ಕಾಲುವೆ ಬಯಲಿನ ರೈತನು ತನ್ನ ಗದ್ದೆಯ ಹಳೆಯ ದಾಖಲೆಯ ನಕಲಿಗಾಗಿ ಅರ್ಜಿ ಕೊಟ್ಟರೆ, ಎಷ್ಟೋ ವೇಳೆ ಅವನಿಗೆ ದೊರೆಯುವುದು "ಕಡತ ಲಭ್ಯವಿಲ್ಲ" ಎಂಬ ಹಿಂಬರಹ ಮಾತ್ರ. ಕಚೇರಿಯ ಮಟ್ಟಿಗೆ ವಿಷಯವು ಅಲ್ಲಿಗೆ ಮುಗಿಯಿತು. ರೈತನ ಮಟ್ಟಿಗೆ ವ್ಯಾಜ್ಯವು ಅಲ್ಲಿಂದಲೇ ಆರಂಭ. ಕಾಗದವನ್ನು ಕಾಪಾಡಬೇಕಾದವರು ಸರ್ಕಾರದವರು. ಅದು ಕಳೆದುದಕ್ಕೆ ದಂಡ ತೆರುವವನು ಉಳುವವನು. ಇದು ನ್ಯಾಯವಲ್ಲವೆಂದು ನಾವು ಸ್ಪಷ್ಟವಾಗಿ ಹೇಳಬೇಕಾಗಿದೆ.

೧೮೦೦ರಲ್ಲಿ ಬಳ್ಳಾರಿ ಸೀಮೆಯು ನಿಜಾಮರಿಂದ ಕಂಪನಿಯ ಕೈಸೇರಿದ ಮೇಲೆ ಮನ್ರೋ ಸಾಹೇಬರು ಹೊಲಹೊಲವನ್ನೂ ಅಳೆಯಿಸಿ ರೈತವಾರಿ ಕಂದಾಯವನ್ನು ಕಟ್ಟಿದರು. ಆ ಲೆಕ್ಕವು ಹುಟ್ಟಿದ್ದು ವಸೂಲಿಗಾಗಿ. ಯಾರ ಸ್ವತ್ತು ಯಾರದೆಂಬ ನಿರ್ಣಯವು ಪರಕೀಯ ಪ್ರಭುಗಳಿಗೆ ಅಷ್ಟಾಗಿ ಬೇಕಿರಲಿಲ್ಲ. ಮುಂದೆ ಮದ್ರಾಸಿನ ಲೆಕ್ಕಗಳು ೧೯೫೩ರ ಅಕ್ಟೋಬರ್ ೧ರಂದು ಮೈಸೂರಿನ ಪಾಲಾದುವು. ೧೯೬೩ರಲ್ಲಿ ವಂಶಪಾರಂಪರ್ಯದ ಕರಣಿಕೆಯೂ ರದ್ದಾಯಿತು. ಹೀಗೆ ಕೈ ಬದಲಾದಾಗಲೆಲ್ಲ ಕೆಲವು ಹಾಳೆಗಳು ಉದುರಿದುವು. ೨೦೨೧ರಲ್ಲಿ ಹೊಸಪೇಟೆಯು ವಿಜಯನಗರ ಜಿಲ್ಲೆಯ ಕೇಂದ್ರವಾದಾಗ, ಮೊದಲು ಹೊಸಪೇಟೆ ತಾಲೂಕಿಗೇ ಸೇರಿದ್ದ ಕಂಪ್ಲಿಯು ಬಳ್ಳಾರಿಯಲ್ಲಿಯೇ ಉಳಿಯಿತು. ಹಳೆಯ ಕಾಗದವನ್ನು ಅರಸುವ ಕಂಪ್ಲಿಯವನು ಈಗ ಎರಡು ಜಿಲ್ಲೆಗಳ ನಡುವೆ ಅಲೆಯಬೇಕು.

ಸಂಡೂರಿನ ಕಥೆಯು ಬೇರೆ. ೧೯೪೯ರವರೆಗೆ ಅದು ಘೋರ್ಪಡೆ ಅರಸರ ಸಂಸ್ಥಾನ. ಇನಾಂ ಭೂಮಿಯ ಸಾಗುವಳಿದಾರರು ಹಕ್ಕಿಗಾಗಿ ೧೯೭೩ರಲ್ಲಿ ಸತ್ಯಾಗ್ರಹ ಹೂಡಿದರು. ೧೯೭೬ರಲ್ಲಿ ಆ ಪ್ರದೇಶಕ್ಕೆಂದೇ ಇನಾಂ ರದ್ದಿಯಾತಿಯ ಕಾನೂನು ಬಂದಿತು. ಆದರೆ ಕಾನೂನು ಕೇಳುವುದು ಪುರಾವೆಯನ್ನು. ಬಾಯಿಮಾತಿನ ಗೇಣಿಗೆ ರಸೀತಿ ಎಲ್ಲಿಯದು?

ಪಹಣಿಯಲ್ಲಿ ಹೆಸರಿಲ್ಲದವನಿಗೆ ಹಕ್ಕೇ ಇಲ್ಲವೆಂಬ ಭಾವನೆಯು ಕಚೇರಿಗಳಲ್ಲಿ ಬೇರೂರಿದೆ. ೧೯೬೪ರ ಭೂಕಂದಾಯ ಕಾಯಿದೆಯ ೧೩೩ನೆಯ ಪ್ರಕರಣವು ಹೇಳುವುದಿಷ್ಟೆ: ನಮೂದು ತಪ್ಪೆಂದು ಸಿದ್ಧವಾಗುವವರೆಗೆ ಅದನ್ನು ನಿಜವೆಂದು ಭಾವಿಸತಕ್ಕದ್ದು. ಕಂದಾಯದ ನಮೂದಿನಿಂದ ಸ್ವಾಮ್ಯವು ಹುಟ್ಟದು, ಅಳಿಯದು ಎಂದು ಸರ್ವೋಚ್ಚ ನ್ಯಾಯಾಲಯವು ಮೇಲಿಂದ ಮೇಲೆ ತೀರ್ಪಿತ್ತಿದೆ. ಕಡತ ಹೋದರೂ ಸಾಕ್ಷ್ಯವು ಉಳಿದಿರುತ್ತದೆ. ಉಪನೋಂದಣಿ ಕಚೇರಿಯಲ್ಲಿ ಕ್ರಯಪತ್ರಗಳ ಪ್ರತಿಗಳಿವೆ. ಪಕ್ಕದವನ ಪತ್ರದ ಚಕ್ಕುಬಂದಿಯಲ್ಲಿ "ಪೂರ್ವಕ್ಕೆ ಇಂಥವರ ಗದ್ದೆ" ಎಂದು ಐವತ್ತು ವರ್ಷಗಳ ಹಿಂದೆ ಬರೆದಿದ್ದರೆ, ಇಂದಿನ ವ್ಯಾಜ್ಯದ ಗಂಧವೇ ಇಲ್ಲದ ಅಂಥ ಸಾಕ್ಷಿಯು ಮತ್ತೆಲ್ಲಿ ಸಿಕ್ಕೀತು? ೩೦ ವರ್ಷ ಮೀರಿದ ಪತ್ರವು ಯೋಗ್ಯ ವಶದಿಂದ ಬಂದಿದ್ದರೆ ಅದರ ಸಹಿಯನ್ನು ನಿಜವೆಂದು ಭಾವಿಸಲು ನ್ಯಾಯಾಲಯಕ್ಕೆ ಅಧಿಕಾರವಿದೆ. ಇನ್ನು ರಾಯ, ಬಸವಣ್ಣ, ತುರ್ತು ಕಾಲುವೆಗಳು ವಿಜಯನಗರದ ಅರಸರ ಕಾಲದಿಂದ ಹರಿಯುತ್ತಿವೆ. ಯಾವ ತೂಬಿನ ನೀರು ಯಾರ ಗದ್ದೆಗೆ ಎಂಬುದನ್ನು ಊರಿನ ಹಿರಿಯರು ಬಲ್ಲರು, ನೀರ್ಗಂದಾಯದ ಹಳೆಯ ರಸೀತಿಗಳೂ ಹೇಳುತ್ತವೆ.

ಇವನ್ನೆಲ್ಲ ಒಪ್ಪಿದರೆ ಕಳ್ಳಪತ್ರಗಳ ಹೊಳೆ ಹರಿದೀತೆಂದು ಅಧಿಕಾರಿಗಳು ಅಂಜುವುದುಂಟು. ಗಣಿಯಿಂದ ಮಣ್ಣಿಗೆ ಬೆಲೆ ಏರಿದ ಸೀಮೆಯಲ್ಲಿ ಈ ಅಂಜಿಕೆಯು ನಿರಾಧಾರವಲ್ಲ. ಆದುದರಿಂದಲೇ ವಿಚಾರಣೆಯು ಊರಿನ ಚಾವಡಿಯಲ್ಲಿ, ನಾಲ್ಕೂ ದಿಕ್ಕಿನ ಹೊಲದವರ ಎದುರಿನಲ್ಲಿ ನಡೆಯಲಿ ಎನ್ನುತ್ತೇವೆ. ಮುಚ್ಚಿದ ಕೊಠಡಿಯಲ್ಲಿ ಸಲ್ಲುವ ಸುಳ್ಳು ಅಲ್ಲಿ ಸುಲಭವಾಗಿ ಸಲ್ಲದು.

ಸರ್ಕಾರಕ್ಕೆ ಮನಸ್ಸಿದ್ದರೆ ಅಳತೆ ಕಷ್ಟವಲ್ಲ. ೨೦೧೧ರಲ್ಲಿ ಸರ್ವೋಚ್ಚ ನ್ಯಾಯಾಲಯದ ಅಪ್ಪಣೆಯಂತೆ ಜಂಟಿ ತಂಡವೊಂದು ಬಳ್ಳಾರಿಯ ಗಣಿಗುತ್ತಿಗೆಗಳ ಗಡಿಗಳನ್ನು ಅಳೆದು ವರದಿಯೊಪ್ಪಿಸಿತು. ಅದೇ ವರ್ಷ ಹಂಪಿಯ ಬಜಾರಿನಲ್ಲಿ ದಶಕಗಳಿಂದ ಬಾಳಿದವರ ಮನೆಗಳನ್ನು ಕೆಡವಿದರು. ಸ್ಮಾರಕಗಳ ರಕ್ಷಣೆ ಅವಶ್ಯವೇ. ಆದರೆ ಕಾಗದವಿಲ್ಲದವನ ಮಾತಿಗೆ ಎಷ್ಟು ತೂಕವೆಂಬುದು ಅಂದು ಎಲ್ಲರಿಗೂ ತಿಳಿಯಿತು.

ಈಗ 'ಭೂ ಸುರಕ್ಷಾ' ಯೋಜನೆಯಡಿ ತಾಲೂಕು ಕಚೇರಿಗಳ ಹಳೆಯ ದಾಖಲೆಗಳ ಛಾಯಾಪ್ರತಿ ತೆಗೆದು ಗಣಕಯಂತ್ರಕ್ಕೆ ಸೇರಿಸುತ್ತಿದ್ದಾರೆ. ಸಂತೋಷ, ಆದರೆ ಇಲ್ಲದ ಹಾಳೆಯ ಛಾಯೆಯನ್ನು ಯಂತ್ರವು ತೆಗೆಯಲಾರದು. ಯಾವ ಗ್ರಾಮದ ಯಾವ ಪುಸ್ತಕ, ಯಾವ ವರ್ಷದ್ದು ಕಾಣೆಯಾಗಿದೆಯೆಂಬ ಪಟ್ಟಿಯನ್ನು ಮೊದಲು ಚಾವಡಿಗಳಲ್ಲಿ ಅಂಟಿಸಲಿ. ಆ ಪಟ್ಟಿಯಲ್ಲಿರುವ ಹೊಲಗಳ ವಿಷಯದಲ್ಲಿ ಕಡತವಿಲ್ಲವೆಂಬ ಒಂದೇ ಕಾರಣದಿಂದ ಯಾರ ಅರ್ಜಿಯನ್ನೂ ತಳ್ಳದಿರಲಿ. ಇದಕ್ಕೆ ಹೊಸ ಶಾಸನ ಬೇಕಿಲ್ಲ. ಉಭಯ ಜಿಲ್ಲಾಧಿಕಾರಿಗಳ ಸುತ್ತೋಲೆಯೊಂದು ಸಾಕು. ಎರಡು ಕಚೇರಿಗಳ ನಡುವೆ ಸಿಲುಕಿರುವ ಕಂಪ್ಲಿಯಿಂದಲೇ ಅದು ಆರಂಭವಾಗಲಿ.