ಕನ್ನಡ ತರಗತಿಗೆ ಮಾಷ್ಟ್ರು ಬರುವ ದಾರಿ

ಮಂಜೇಶ್ವರದಿಂದ ತೆಂಕಕ್ಕೆ ಹೋಗುವ ಹೆದ್ದಾರಿಯ ಸಂಖ್ಯೆ 17 ಆಗಿದ್ದ ಕಾಲದಲ್ಲಿ ಅದು ಕೊಚ್ಚಿಯ ಎಡಪ್ಪಳ್ಳಿಯಲ್ಲಿ ಮುಗಿಯುತ್ತಿತ್ತು. ಈಗ 66 ಎಂಬ ಹೊಸ ಸಂಖ್ಯೆ ಪಡೆದು ತಿರುವನಂತಪುರ ದಾಟಿ ಕನ್ಯಾಕುಮಾರಿ ಮುಟ್ಟುತ್ತದೆ. ಕಾಸರಗೋಡಿನ ಕನ್ನಡ ಮಾಧ್ಯಮ ಸರಕಾರಿ ಶಾಲೆಗೆ ಮಾಷ್ಟ್ರು ಬೇಕೆಂದರೆ ಕಡತವೂ ಇದೇ ದಿಕ್ಕು ಹಿಡಿಯಬೇಕು. ಆಯ್ಕೆ ಮಾಡುವ ಕೇರಳ ಲೋಕಸೇವಾ ಆಯೋಗದ, ಅಂದರೆ ಪಿಎಸ್‌ಸಿಯ ಕೇಂದ್ರ ಕಚೇರಿ ತಿರುವನಂತಪುರದ ಪಟ್ಟಂನಲ್ಲಿದೆ; ತಕರಾರು ಕೇಳುವ ಹೈಕೋರ್ಟು ಎಡಪ್ಪಳ್ಳಿಯ ಪಕ್ಕದ ಎರ್ನಾಕುಲಂನಲ್ಲಿ.

ಹುದ್ದೆ ಖಾಲಿಯಾದದ್ದನ್ನು ಶಿಕ್ಷಣ ಇಲಾಖೆಯ ಜಿಲ್ಲಾ ಉಪನಿರ್ದೇಶಕರು ಪಿಎಸ್‌ಸಿಗೆ ವರದಿ ಮಾಡಬೇಕು. ಮಾಡದಿದ್ದರೆ ಮುಂದಿನದೇನೂ ನಡೆಯುವುದಿಲ್ಲ. ಆಮೇಲೆ ಗೆಜೆಟಿನಲ್ಲಿ ಜಿಲ್ಲಾವಾರು ಅಧಿಸೂಚನೆ ಬರುತ್ತದೆ: ಹೈಸ್ಕೂಲ್ ಟೀಚರ್, ಗಣಿತ, ಕನ್ನಡ ಮಾಧ್ಯಮ, ಹೀಗೆ. ಪರೀಕ್ಷೆ ಒಎಂಆರ್ ಹಾಳೆಯಲ್ಲಿ. ತಪ್ಪು ಉತ್ತರಕ್ಕೆ ಅಂಕದ ಮೂರನೇ ಒಂದು ಪಾಲು ಕಡಿತ. ಮೊದಲು ತಾತ್ಕಾಲಿಕ ಕೀ ಉತ್ತರ, ಅಭ್ಯರ್ಥಿಗಳ ಆಕ್ಷೇಪಣೆ ನೋಡಿದ ಬಳಿಕ ಅಂತಿಮ ಕೀ. ಕೊನೆಗೆ ರ್‍ಯಾಂಕ್ ಪಟ್ಟಿ.

ಪಟ್ಟಿಯಲ್ಲಿ ಮೂರನೆಯವರಾದರೆ ಮೂರನೇ ಕೆಲಸ ನಮ್ಮದು ಎಂದುಕೊಳ್ಳುವವರು ಬಹಳ. ಲೆಕ್ಕ ಹಾಗಿಲ್ಲ. ಇಪ್ಪತ್ತು ಹುದ್ದೆಗಳನ್ನು ಒಂದು ಸುತ್ತು ಎಂದು ಹಿಡಿದು ಬೆಸ ಸಂಖ್ಯೆಯ ಸರದಿಗಳನ್ನು ಓಪನ್‌ಗೆ, ಸಮ ಸಂಖ್ಯೆಯವನ್ನು ಮೀಸಲಾತಿಗೆ ಇಟ್ಟದ್ದು ಕೇರಳದ ಮೂಲ ಸೂತ್ರ. ಎರಡನೆಯ ಸರದಿ ಈಳವ-ತೀಯ-ಬಿಲ್ಲವ ಗುಂಪಿಗೆ, ನಾಲ್ಕನೆಯದು ಪರಿಶಿಷ್ಟ ಜಾತಿಗೆ, ಆರನೆಯದು ಮುಸ್ಲಿಮರಿಗೆ. ಮೊದಲ ರ್‍ಯಾಂಕ್ ಬಿಲ್ಲವ ಹುಡುಗಿಯದೇ ಆದರೆ ಆಕೆ ಓಪನ್ ಸರದಿಯಲ್ಲಿ ಹೋಗುತ್ತಾಳೆ, ಎರಡನೆಯ ಸರದಿ ಆ ಗುಂಪಿನ ಮತ್ತೊಬ್ಬರಿಗೆ ಉಳಿಯುತ್ತದೆ. ಆಯ್ಕೆಯಾದವರಿಗೆ ಪಿಎಸ್‌ಸಿಯಿಂದ ಅಡ್ವೈಸ್ ಮೆಮೋ, ಅದರ ಮೇಲೆ ಇಲಾಖೆಯಿಂದ ನೇಮಕದ ಆದೇಶ. ಪಟ್ಟಿಯ ಆಯುಸ್ಸು ಸಾಮಾನ್ಯವಾಗಿ ಹೆಚ್ಚೆಂದರೆ ಮೂರು ವರ್ಷ.

ಇಷ್ಟರ ಮಟ್ಟಿಗೆ ಇದು ಒಳ್ಳೆಯ ವ್ಯವಸ್ಥೆ ಎಂದೇ ನನ್ನ ಅಭಿಪ್ರಾಯ. ಯಾರ ಶಿಫಾರಸೂ ನಡೆಯದು, ಪ್ರತಿ ಹೆಜ್ಜೆಗೂ ದಾಖಲೆ ಇರುತ್ತದೆ. ಕೇರಳದ ಅನುದಾನಿತ ಶಾಲೆಗಳಲ್ಲಿ ಹಾಗಲ್ಲ. ಅಲ್ಲಿ ಸಂಬಳ ಸರಕಾರದ್ದು, ನೇಮಕ ಮ್ಯಾನೇಜರರದ್ದು. ಶಿಕ್ಷಣ ಸಚಿವ ಜೋಸೆಫ್ ಮುಂಡಶ್ಶೇರಿ ತಂದ 1957ರ ಮಸೂದೆ ಆ ನೇಮಕವನ್ನೂ ಪಿಎಸ್‌ಸಿ ಪಟ್ಟಿಯಿಂದಲೇ ಮಾಡಬೇಕೆಂದಿತ್ತು. ಇಂಥ ಕಾನೂನುಗಳ ವಿರುದ್ಧ ಎದ್ದ ವಿಮೋಚನಾ ಸಮರ ಎಂಬ ಚಳವಳಿಯಲ್ಲಿ ಆ ಸರಕಾರವೇ ಹೋಯಿತು. 1960ರ ತಿದ್ದುಪಡಿ ಅಧಿಕಾರವನ್ನು ಮ್ಯಾನೇಜರರಿಗೆ ಮರಳಿಸಿತು.

ಹಾಗಾದರೆ ಕಾಸರಗೋಡಿನ ದೂರೇನು? ಕನ್ನಡ ಮಾಧ್ಯಮದ ತರಗತಿಗೆ ಕನ್ನಡ ಬಾರದ ಶಿಕ್ಷಕರು ಬಂದರೆಂದು ಮಂಗಲ್ಪಾಡಿ, ಪೈವಳಿಕೆ, ಅಡೂರುಗಳಲ್ಲಿ ಮಕ್ಕಳೂ ಪೋಷಕರೂ ಬೀದಿಗಿಳಿದದ್ದಿದೆ. ಬಂದವರು ಹಿಂಬಾಗಿಲಿನಿಂದ ಬಂದವರಲ್ಲ. ಪರೀಕ್ಷೆ ಬರೆದು, ಪಟ್ಟಿ ಹತ್ತಿ, ಮೆಮೋ ಹಿಡಿದೇ ಬಂದವರು. ಅಭ್ಯರ್ಥಿಗಳ ನಡುವೆ ನ್ಯಾಯ ಪಾಲಿಸಿಯೂ ಬೆಂಚಿನ ಮೇಲೆ ಕೂತ ಮಗುವಿಗೆ ಅನ್ಯಾಯವಾಗುವುದು ಹೀಗೆ. ಭಾಷೆಯ ಅರಿವನ್ನು ಪ್ರಮಾಣಪತ್ರದಲ್ಲಿ ನೋಡಿದರೆ ಸಾಲದು, ಕನ್ನಡದಲ್ಲಿ ಪಾಠ ಮಾಡಿಸಿಯೇ ನೋಡಬೇಕು ಎಂಬ ಬೇಡಿಕೆ ಹುಟ್ಟಿದ್ದು ಇದರಿಂದಲೇ. ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಶಿಕ್ಷಣಕ್ಕೆ ರಾಜ್ಯಗಳು ಅನುಕೂಲ ಕಲ್ಪಿಸಬೇಕೆಂದು ಸಂವಿಧಾನದ 350ಎ ವಿಧಿಯೂ ಹೇಳುತ್ತದೆ.

ಆದರೆ ಬೇಡಿಕೆಗೆ ಹೊತ್ತು ಎಂಬುದಿದೆ. ಆಯ್ಕೆ ಶುರುವಾದ ಮೇಲೆ ಹೊಸ ಷರತ್ತು ಹಾಕುವಂತಿಲ್ಲವೆಂದು ಸುಪ್ರೀಂ ಕೋರ್ಟು 2008ರಲ್ಲಿ ಹೇಳಿತ್ತು, 2024ರ ನವೆಂಬರಿನಲ್ಲಿ ಸಂವಿಧಾನ ಪೀಠ ಅದನ್ನೇ ಗಟ್ಟಿಮಾಡಿತು. ಆದ್ದರಿಂದ ಜಗಳವೇನಿದ್ದರೂ ಅಧಿಸೂಚನೆಯ ‘ಅರ್ಹತೆ’ ಕಲಮಿನಲ್ಲಿ, ಅದರ ಹಿಂದಿನ ವಿಶೇಷ ನಿಯಮಗಳಲ್ಲಿ ನಡೆಯಬೇಕು. ಶಾಲೆಯ ಗೇಟಿನ ಮುಂದೆ ಘೋಷಣೆ ಕೂಗುವ ಹೊತ್ತಿಗೆ ಬಸ್ಸು ಹೋಗಿಯಾಗಿರುತ್ತದೆ. ಕರ್ನಾಟಕದ 2022ರ 15,000 ಶಿಕ್ಷಕರ ನೇಮಕಾತಿಯೂ ಇಂಥದ್ದೇ ಒಂದು ಕಲಮಿನಲ್ಲಿ ಸಿಕ್ಕಿಬಿತ್ತು: ಮದುವೆಯಾದ ಮಹಿಳೆ ಕೊಡಬೇಕಾದ ಆದಾಯ ಪ್ರಮಾಣಪತ್ರ ಅಪ್ಪನದೋ ಗಂಡನದೋ ಎಂಬ ಪ್ರಶ್ನೆ ಹೈಕೋರ್ಟು ಹತ್ತಿತು.

ಕೇರಳದಲ್ಲಿ ಪಟ್ಟಿಯ ಬಗ್ಗೆ ಅಭ್ಯರ್ಥಿಯ ತಕರಾರು ನೇರ ಹೈಕೋರ್ಟಿಗೆ ಹೋಗುವುದಿಲ್ಲ. 2010ರಲ್ಲಿ ಶುರುವಾದ ಆಡಳಿತ ನ್ಯಾಯಮಂಡಳಿ ಮೊದಲು ಕೇಳುತ್ತದೆ. ತಿರುವನಂತಪುರದಲ್ಲೂ ಎರ್ನಾಕುಲಂನಲ್ಲೂ ಅದರ ಪೀಠಗಳಿವೆ. ಮಂಡಳಿಯ ತೀರ್ಪು ಒಪ್ಪಿಗೆಯಾಗದಿದ್ದರೆ ಹೈಕೋರ್ಟಿನ ವಿಭಾಗೀಯ ಪೀಠ. ಪೋಷಕರು ಸೇವಾಕಾಂಕ್ಷಿಗಳಲ್ಲವಾದ್ದರಿಂದ ಅವರಿಗೆ ರಿಟ್ ಅರ್ಜಿಯೇ ದಾರಿ. ಮಂಡಳಿಗೆ ಹೋಗಲು ಅಂತಿಮ ಆದೇಶದ ದಿನದಿಂದ ಸಾಮಾನ್ಯವಾಗಿ ಒಂದು ವರ್ಷದ ಗಡುವು. ಮನವಿ ಕೊಟ್ಟು ಉತ್ತರಕ್ಕೆ ಕಾಯುವವರು ಸ್ವೀಕೃತಿಯ ತಾರೀಖು ಇರುವ ಪ್ರತಿಯನ್ನು ಜೋಪಾನ ಮಾಡಿಕೊಳ್ಳಬೇಕು: ಆರು ತಿಂಗಳಾದರೂ ಉತ್ತರ ಬಾರದಿದ್ದರೆ, ಗಡುವಿನ ಎಣಿಕೆ ಆ ಆರು ತಿಂಗಳು ಮುಗಿದಲ್ಲಿಂದ ಶುರು.