ಗುಣಾಕಾರದ ಬಲ: ಡಯಾಬ್ಲೋ ಆಟದಲ್ಲಿ ಪಾತ್ರವನ್ನು ಕಟ್ಟುವ ಗಣಿತ

ಕಂಪ್ಯೂಟರಿನ ತೆರೆಯ ಮೇಲೆ ಆಡುವ ಆಟಗಳಲ್ಲಿ ಆಕ್ಷನ್ ರೋಲ್ ಪ್ಲೇಯಿಂಗ್ ಎಂಬ ಒಂದು ಪ್ರಭೇದವುಂಟು. ಆಟಗಾರನು ಒಬ್ಬ ವೀರನ ಅಥವಾ ಮಾಂತ್ರಿಕೆಯ ಪಾತ್ರವನ್ನು ಧರಿಸಿ, ಪಾಳುಬಿದ್ದ ಮಠಗಳಲ್ಲಿಯೂ ನೆಲಮಾಳಿಗೆಗಳಲ್ಲಿಯೂ ಸಂಚರಿಸಿ, ದೈತ್ಯರನ್ನು ಸಂಹರಿಸಿ, ಆ ಸಂಹಾರದಿಂದ ಅನುಭವವನ್ನು ಗಳಿಸಿ, ಅನುಭವವು ನಿಯತ ಪ್ರಮಾಣವನ್ನು ಮುಟ್ಟಿದಾಗಲೆಲ್ಲ ಒಂದು ಲೆವೆಲ್ ಮೇಲೇರಿ, ಆ ಏರಿಕೆಯ ಫಲವಾಗಿ ದೊರೆತ ಅಂಕಗಳನ್ನು ತನಗೆ ಬೇಕೆನಿಸಿದ ಶಕ್ತಿಗಳಿಗೆ ಹಂಚುತ್ತ ಹೋಗುವನು. ಹೀಗೆ ರೂಪುಗೊಂಡ ಪಾತ್ರದ ಸಮಗ್ರ ವಿನ್ಯಾಸಕ್ಕೆ ಆಟಗಾರರು ಬಿಲ್ಡ್ ಎನ್ನುವರು. ಒಂದೇ ಪಾತ್ರವನ್ನು ಆರಿಸಿಕೊಂಡು, ಒಂದೇ ಲೆವೆಲನ್ನು ಮುಟ್ಟಿದ ಇಬ್ಬರಲ್ಲಿ ಒಬ್ಬನು ನಿರಾತಂಕವಾಗಿ ಮುನ್ನಡೆಯುತ್ತಿರಲು ಇನ್ನೊಬ್ಬನು ಪ್ರತಿ ಬಾಗಿಲಿನಲ್ಲಿಯೂ ಪ್ರಾಣ ನೀಗುವುದುಂಟು. ಬೆರಳುಗಳ ಚುರುಕುತನ ಇದಕ್ಕೆ ಅಲ್ಪಾಂಶದಲ್ಲಿ ಮಾತ್ರ ಕಾರಣ. ಬಹ್ವಂಶವು ಅಂಕಗಳ ವಿನಿಯೋಗದಲ್ಲಿದೆ. ಆ ವಿನಿಯೋಗವನ್ನು ಆಳುವುದು ಸಂಕಲನವಲ್ಲ, ಗುಣಾಕಾರ ಎಂಬುದನ್ನು ಈ ಪ್ರಭೇದದ ಅತ್ಯಂತ ಪ್ರಸಿದ್ಧ ಕೃತಿಯಾದ ಡಯಾಬ್ಲೋ 2ರ ಮೂಲಕ ತೋರಿಸಬಹುದಾಗಿದೆ.

ಮನುಷ್ಯನೊಬ್ಬನ ಬಲ, ಚಾತುರ್ಯ, ಆಯುಸ್ಸುಗಳನ್ನು ಅಂಕಿಗಳಲ್ಲಿ ಬರೆದಿಟ್ಟು ಆಡುವ ಪದ್ಧತಿಗೆ ವ್ಯವಸ್ಥಿತ ರೂಪ ಬಂದದ್ದು 1974ರಲ್ಲಿ, ಅಮೆರಿಕದ ಗ್ಯಾರಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್ ಎಂಬವರು ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಎಂಬ ಆಟವನ್ನು ಪ್ರಕಟಿಸಿದಾಗ. ಕಾಗದ, ಪೆನ್ಸಿಲು, ದಾಳಗಳು ಇಷ್ಟೇ ಅದರ ಸಾಮಗ್ರಿ. ಒಬ್ಬರಾದ ಮೇಲೆ ಒಬ್ಬರಂತೆ ಸರದಿಯಲ್ಲಿ ಆಡುವುದರಿಂದ ಅಲ್ಲಿ ಕಾಲವು ಆಟಗಾರನಿಗಾಗಿ ಕಾದು ನಿಲ್ಲುತ್ತಿತ್ತು. ಇಪ್ಪತ್ತೆರಡು ವರ್ಷಗಳ ತರುವಾಯ ಕ್ಯಾಲಿಫೋರ್ನಿಯದಲ್ಲಿ ಡೇವಿಡ್ ಬ್ರೆವಿಕ್ ಮತ್ತು ಸಂಗಡಿಗರು, ಬ್ರೆವಿಕ್ ವಾಸವಿದ್ದ ಪ್ರದೇಶದ ಡಯಾಬ್ಲೋ ಎಂಬ ಬೆಟ್ಟದ ಹೆಸರನ್ನೇ ಇಟ್ಟು ರಚಿಸಿದ ಆಟವೂ ಮೊದಲು ಸರದಿಯ ಆಟವಾಗಿಯೇ ಕಲ್ಪಿತವಾಗಿತ್ತು. ರಚನೆಯ ನಡುವೆ ಅದು ತಡೆಯಿಲ್ಲದೆ ಹರಿಯುವ ಕಾಲದ ಆಟವಾಗಿ ಮಾರ್ಪಟ್ಟಿತು. ಈ ಮಾರ್ಪಾಟಿನಿಂದ ಕ್ಷಣವೂ ಒಂದು ಆಯುಧವಾಯಿತು: ಎಷ್ಟು ಬಲವಾಗಿ ಹೊಡೆಯುವೆ ಎಂಬುದರ ಜೊತೆಗೆ ಎಷ್ಟು ಬೇಗ ಹೊಡೆಯುವೆ ಎಂಬುದೂ ಪಾತ್ರದ ಸಾಮರ್ಥ್ಯದೊಳಗೆ ಗುಣಕವಾಗಿ ಬಂದು ಸೇರಿತು. 2000ದ ಜೂನ್ ತಿಂಗಳಿನಲ್ಲಿ ಹೊರಬಂದ ಡಯಾಬ್ಲೋ 2 ಈ ಗಣಿತವನ್ನು ಪಕ್ವಗೊಳಿಸಿತು.

ಇದರಲ್ಲಿ ಲೆವೆಲ್ 99ಕ್ಕೆ ಮಿತಿಯಾಗಿದೆ. ಪ್ರತಿ ಏರಿಕೆಗೆ ವಿದ್ಯೆಯ ಅಂಕ ಒಂದು, ದೇಹಗುಣಗಳ ಅಂಕ ಐದು. ನಡುನಡುವೆ ಸಾಧಿಸತಕ್ಕ ಕಾರ್ಯಗಳಿಂದ ದೊರೆಯುವ ಬಹುಮಾನವನ್ನು ಕೂಡಿಸಿದರೆ ಜೀವಮಾನದಲ್ಲಿ ಒಟ್ಟು 110 ವಿದ್ಯಾಂಕಗಳು, 505 ಗುಣಾಂಕಗಳು. ಪ್ರತಿ ಪಾತ್ರಕ್ಕೂ ಮೂವತ್ತು ವಿದ್ಯೆಗಳು, ಒಂದೊಂದಕ್ಕೆ ಹೆಚ್ಚೆಂದರೆ 20 ಅಂಕ. ಎಲ್ಲವನ್ನೂ ತುಂಬಲು 600 ಬೇಕಾಗಿರುವಲ್ಲಿ ಕೈಯಲ್ಲಿರುವುದು 110 ಎಂದಮೇಲೆ ತ್ಯಾಗವು ಅನಿವಾರ್ಯ. ಪರಿಮಿತವಾದ ಸಾಧನದಿಂದ ಗರಿಷ್ಠ ಫಲವನ್ನು ಪಡೆಯುವ ಇಂತಹ ಆಯ್ಕೆಗಳು ಗಣಕವಿಜ್ಞಾನಕ್ಕೆ ಪರಿಚಿತವಾದವು; 1972ರಲ್ಲಿ ರಿಚರ್ಡ್ ಕಾರ್ಪ್ ಎಂಬ ವಿದ್ವಾಂಸನು ಪಟ್ಟಿ ಮಾಡಿದ ಇಪ್ಪತ್ತೊಂದು ಕಠಿಣ ಸಮಸ್ಯೆಗಳಲ್ಲಿ ಈ ಕುಲದ ನ್ಯಾಪ್‌ಸ್ಯಾಕ್ ಸಮಸ್ಯೆಯೂ ಒಂದು. ಸಾಧ್ಯವಿರುವ ಹಂಚಿಕೆಗಳನ್ನೆಲ್ಲ ಒಂದೊಂದಾಗಿ ಪರೀಕ್ಷಿಸಿ ಉತ್ತಮವಾದುದನ್ನು ಆರಿಸುವುದು ಮನುಷ್ಯನಿಗೆ ಶಕ್ಯವಲ್ಲ. ಆದುದರಿಂದ ಬೇಕಾದದ್ದು ಒಂದು ವಿವೇಚನಾಸೂತ್ರ.

ಸೋರ್ಸರೆಸ್ ಎಂಬ ಮಾಂತ್ರಿಕೆಯನ್ನೇ ತೆಗೆದುಕೊಳ್ಳೋಣ. ಇಲ್ಲಿ ಕೊಡುವ ಅಂಕಿಗಳು 2003ರಲ್ಲಿ ಆಟಕ್ಕೆ ಆದ ದೊಡ್ಡ ಪರಿಷ್ಕರಣದ ನಿಯಮಗಳವು. ಆಕೆಯ ಅಗ್ನಿವಿದ್ಯೆಗಳಲ್ಲಿ ಫೈರ್ ಬಾಲ್ ಮುಖ್ಯವಾದುದು. ಫೈರ್ ಬೋಲ್ಟ್, ಮೀಟಿಯರ್ ಎಂಬ ಎರಡು ಸೋದರವಿದ್ಯೆಗಳಲ್ಲಿ ಹಾಕಿದ ಪ್ರತಿಯೊಂದು ಅಂಕವೂ ಫೈರ್ ಬಾಲಿನ ಆಘಾತವನ್ನು ಶೇಕಡ 14ರಷ್ಟು ಹೆಚ್ಚಿಸುವುದು. ಈ ಪರಸ್ಪರೋಪಕಾರಕ್ಕೆ ಸಿನರ್ಜಿ ಎಂದು ಹೆಸರು. ಇದಲ್ಲದೆ ಫೈರ್ ಮಾಸ್ಟರಿ ಎಂಬ ಪ್ರತ್ಯೇಕ ವಿದ್ಯೆಯು ಮೊದಲ ಅಂಕಕ್ಕೆ ಶೇಕಡ 30, ಮುಂದಿನ ಪ್ರತಿ ಅಂಕಕ್ಕೆ ಶೇಕಡ 7ರಂತೆ ಅಗ್ನಿಯ ಆಘಾತವನ್ನೆಲ್ಲ ವರ್ಧಿಸುವುದು. ಹದಿನಾಲ್ಕು ಏಳಕ್ಕಿಂತ ದೊಡ್ಡದೆಂಬುದು ಬಾಲಕನಿಗೂ ತಿಳಿದ ಸಂಗತಿ. ಆ ನ್ಯಾಯದಿಂದ ಹೊರಟ ಆಟಗಾರನು ಫೈರ್ ಬಾಲನ್ನು ಪೂರ್ಣಗೊಳಿಸಿದ ಮೇಲೆ ತನ್ನಲ್ಲಿ ಉಳಿದ 40 ಅಂಕಗಳನ್ನು ಎರಡು ಸೋದರವಿದ್ಯೆಗಳಿಗೇ ಸುರಿಯುವನು. ನಲವತ್ತನ್ನು ಹದಿನಾಲ್ಕರಿಂದ ಗುಣಿಸಿದರೆ 560; ಆಘಾತವು ಮೂಲದ 6.6 ಪಾಲಾಯಿತು. ಇನ್ನೊಬ್ಬನು ಫೈರ್ ಬೋಲ್ಟಿಗೆ 20, ಮಾಸ್ಟರಿಗೆ 20 ಎಂದು ಹಂಚಿದನೆನ್ನಿ. ಸಿನರ್ಜಿಯ ಕಡೆಯಿಂದ 3.8 ಪಾಲು, ಮಾಸ್ಟರಿಯ ಕಡೆಯಿಂದ 2.63 ಪಾಲು, ಇವೆರಡೂ ಬೇರೆ ಬೇರೆ ಗುಣಕಗಳಾದುದರಿಂದ ಒಂದನ್ನೊಂದು ಗುಣಿಸಿ ಸುಮಾರು 10 ಪಾಲಾಗುವುವು. ಅದೇ ನಲವತ್ತು ಅಂಕಗಳಿಂದ ಎರಡನೆಯವನು ಮೊದಲನೆಯವನಿಗಿಂತ ಒಂದೂವರೆಪಟ್ಟು ಬಲಶಾಲಿಯಾದನು.

ಇದರ ಕಾರಣವನ್ನು ಗ್ರಹಿಸಿದವನಿಗೆ ಈ ಆಟವೇ ಅಲ್ಲ, ಇದರ ಸಂತತಿಯಲ್ಲಿ ಹುಟ್ಟಿದ ನೂರು ಆಟಗಳೂ ಸುಲಭಗ್ರಾಹ್ಯವಾಗುವುವು. ಒಂದೇ ಗುಂಪಿನ ಶೇಕಡಗಳು ಒಂದರೊಡನೊಂದು ಕೂಡಿಕೊಳ್ಳುವುವು. ಬೇರೆ ಗುಂಪುಗಳು ಒಂದನ್ನೊಂದು ಗುಣಿಸುವುವು. ಕೂಡಿಕೊಳ್ಳುವ ಗುಂಪಿನೊಳಗೆ ಹೊಸ ಅಂಕದ ಮೌಲ್ಯವು ಮೊದಲೇ ಅಲ್ಲಿ ಎಷ್ಟು ಸೇರಿದೆ ಎಂಬುದರ ಮೇಲೆ ನಿಂತಿದೆ. ಏನೂ ಇಲ್ಲದಾಗ ಬಂದ ಹದಿನಾಲ್ಕು ನಿಜವಾಗಿಯೂ ಶೇಕಡ 14ರ ವೃದ್ಧಿ, ಬಲವು 3.8 ಪಾಲಾದ ಮೇಲೆ ಬಂದ ಅದೇ ಹದಿನಾಲ್ಕು, ಇದ್ದ ಬಲಕ್ಕೆ ಶೇಕಡ 3.7ರಷ್ಟನ್ನು ಮಾತ್ರ ಸೇರಿಸುವುದು. ಆ ಸಂದರ್ಭದಲ್ಲಿ ಇನ್ನೂ ಶೂನ್ಯವಾಗಿಯೇ ಉಳಿದ ಮಾಸ್ಟರಿಗೆ ಮೊದಲ ಅಂಕವನ್ನು ಕೊಟ್ಟರೆ ಶೇಕಡ 30ರ ವೃದ್ಧಿಯು ಅಖಂಡವಾಗಿ ಲಭಿಸುವುದು. ತೆರೆಯ ಮೇಲೆ ಬರೆದಿರುವ ಸಂಖ್ಯೆಯನ್ನಲ್ಲ, ಈಗಿರುವ ಬಲಕ್ಕೂ ಮುಂದಾಗುವ ಬಲಕ್ಕೂ ಇರುವ ಅನುಪಾತವನ್ನು ನೋಡಿ ಅಂಕವನ್ನು ಹಾಕತಕ್ಕದ್ದು ಎಂಬುದೇ ಸೂತ್ರ. ಸುತ್ತಳತೆ ಸಮಾನವಾದ ಆಯತಗಳಲ್ಲಿ ಚೌಕಕ್ಕೇ ಹೆಚ್ಚಿನ ಕ್ಷೇತ್ರಫಲವೆಂದು ಯೂಕ್ಲಿಡನ ಕಾಲದಿಂದಲೂ ರೇಖಾಗಣಿತಜ್ಞರು ಬಲ್ಲರು. ಚೌಕದ ಒಂದು ಬದಿಯನ್ನು ಕುಗ್ಗಿಸಿ ಇನ್ನೊಂದನ್ನು ಅಷ್ಟೇ ಹಿಗ್ಗಿಸಿದರೆ ಗುಣಲಬ್ಧವು ಕ್ಷೀಣಿಸುವುದೆಂಬ ಆ ಪ್ರಾಚೀನ ಸತ್ಯವೇ ಇಲ್ಲಿ ಮಾಂತ್ರಿಕೆಯ ಅಗ್ನಿಯಲ್ಲಿ ಮತ್ತೆ ಪ್ರಕಟವಾಗಿದೆ.

ಆದರೆ ಅನುಪಾತದ ಸೂತ್ರವೊಂದನ್ನೇ ಹಿಡಿದು ಹೆಜ್ಜೆ ಹೆಜ್ಜೆಗೂ ಲಾಭವನ್ನು ಅಪೇಕ್ಷಿಸುವವನು ಕಾಲದ ಗುಣಕದಲ್ಲಿ ಎಡವುವನು. ಈ ಆಟವು ಒಂದು ಸೆಕೆಂಡನ್ನು 25 ಫ್ರೇಮುಗಳಾಗಿ ವಿಭಜಿಸುತ್ತದೆ. ಯಾವ ಕ್ರಿಯೆಯೂ ಅರ್ಧ ಫ್ರೇಮಿನಲ್ಲಿ ಮುಗಿಯಲಾರದು. ಮಂತ್ರಪ್ರಯೋಗದ ವೇಗವನ್ನು ಹೆಚ್ಚಿಸುವ ಯಾವ ಆಭರಣವೂ ಇಲ್ಲದಿದ್ದರೆ ಸೋರ್ಸರೆಸ್ ಒಂದು ಮಂತ್ರಕ್ಕೆ 13 ಫ್ರೇಮುಗಳನ್ನು ತೆಗೆದುಕೊಳ್ಳುವಳು. ಫಾಸ್ಟರ್ ಕಾಸ್ಟ್ ರೇಟ್ ಎಂಬ ಗುಣವು ಶೇಕಡ 37 ಆದರೆ 10 ಫ್ರೇಮು, 63 ಆದರೆ 9, 105 ಆದರೆ 8. ಈ ಮೂರರ ನಡುವಿನ ಅಂಕಿಗಳಿಂದ ಪ್ರಯೋಜನ ಶೂನ್ಯ: 63 ಇರುವವಳಿಗೂ 104 ಇರುವವಳಿಗೂ ಎಳ್ಳಷ್ಟೂ ಭೇದವಿಲ್ಲ. 104ನ್ನು ಹೊತ್ತಿರುವವಳು ಇನ್ನೊಂದನ್ನು ಸಂಪಾದಿಸಿದರೆ ಎಂಟರಲ್ಲೊಂದಂಶ ಹೆಚ್ಚು ಮಂತ್ರಗಳನ್ನು ಹಾಕಬಲ್ಲಳು. ಅದಾಗದಿದ್ದ ಪಕ್ಷದಲ್ಲಿ 63ಕ್ಕೆ ಮೇಲ್ಪಟ್ಟುದನ್ನೆಲ್ಲ ಕಳಚಿ ಬೇರೆ ಗುಣಗಳುಳ್ಳ ಆಭರಣವನ್ನು ತೊಡುವುದೇ ಜಾಣತನ. ನಿರಂತರವಾದ ಇಳಿಜಾರೆಂದು ನಾವು ಭಾವಿಸಿದ್ದು ಇಲ್ಲಿ ಮೆಟ್ಟಿಲುಗಳಾಗಿದೆ. ಮೆಟ್ಟಿಲಿನ ಮೇಲೆ ಅರ್ಧಕ್ಕೆ ನಿಲ್ಲುವುದೆಂಬುದಿಲ್ಲ.

ರಕ್ಷಣೆಯ ಪ್ರಕರಣದಲ್ಲಿ, ಸಿನರ್ಜಿಯಲ್ಲಿ ಕಂಡ ಕ್ಷೀಣಿಸುವ ಮೌಲ್ಯಕ್ಕೆ ವಿಪರೀತವಾದ ಚೋದ್ಯವೊಂದುಂಟು. ಬೆಂಕಿ, ಚಳಿ, ಸಿಡಿಲುಗಳಿಗೆ ಪಾತ್ರವು ಒಡ್ಡುವ ಪ್ರತಿರೋಧವು ಶೇಕಡದಲ್ಲಿ ಗಣಿತವಾಗುವುದು. ಸಾಮಾನ್ಯವಾದ ಮಿತಿ 75. ಶೂನ್ಯದಿಂದ 5ಕ್ಕೆ ಏರಿದರೆ ತಾಳಿಕೊಳ್ಳುವ ಶಕ್ತಿ ವೃದ್ಧಿಯಾಗುವುದು ಸುಮಾರು ಶೇಕಡ 5ರಷ್ಟು ಮಾತ್ರ. 70ರಿಂದ 75ಕ್ಕೆ ಏರಿದಾಗಲಾದರೋ ತಗಲುವ ಪೆಟ್ಟು 30ರಿಂದ 25ಕ್ಕೆ ಇಳಿಯುವುದರಿಂದ ತಾಳಿಕೆ ಶೇಕಡ 20ರಷ್ಟು ಹೆಚ್ಚುವುದು. ಮೇಲೇರಿದಂತೆಲ್ಲ ಪ್ರತಿ ಅಂಕದ ಬೆಲೆ ಏರುವುದೇ ಹೊರತು ಇಳಿಯುವುದಿಲ್ಲ. ಆದುದರಿಂದಲೇ ಮೂರನೆಯದೂ ಅತ್ಯಂತ ಘೋರವೂ ಆದ ಹೆಲ್ ಎಂಬ ಘಟ್ಟದಲ್ಲಿ ಆಟವು ಪ್ರತಿಯೊಬ್ಬನ ಪ್ರತಿರೋಧದಿಂದಲೂ 100ನ್ನು ಕಳೆದುಬಿಡುವುದು ಅಷ್ಟು ಕ್ರೂರವಾಗಿ ಪರಿಣಮಿಸುತ್ತದೆ. ಆಭರಣಗಳಿಂದ ಅದನ್ನು ತುಂಬಿಕೊಳ್ಳದವನು ಪೆಟ್ಟನ್ನು ಇಮ್ಮಡಿಯಾಗಿ ಉಣ್ಣುವನು. 75ನ್ನು ಮುಟ್ಟಿದವನು ಕಾಲುಭಾಗವನ್ನು ಮಾತ್ರ ಉಣ್ಣುವನು. ಪ್ರಾಣಾಂಶವು ಸಮಾನವಾಗಿದ್ದರೂ ಇಬ್ಬರ ತಾಳಿಕೆಯ ನಡುವೆ ಎಂಟುಪಟ್ಟಿನ ಅಂತರ.

ದೇಹಗುಣಗಳ ವಿಚಾರದಲ್ಲಿ ಹೇಳಬೇಕಾದುದು ಅಷ್ಟೊಂದಿಲ್ಲ. ಮಾಂತ್ರಿಕೆಯ ಮಂತ್ರಕ್ಕೆ ದೇಹಬಲದಿಂದ ಯಾವ ವೃದ್ಧಿಯೂ ಇಲ್ಲವಾದುದರಿಂದ, ತೊಡುವ ಕವಚಾದಿಗಳಿಗೆ ಬೇಕಾದಷ್ಟು ಬಲವನ್ನು ಪಡೆದು ಉಳಿದುದನ್ನೆಲ್ಲ ಅಂಕವೊಂದಕ್ಕೆ ಎರಡು ಪ್ರಾಣಾಂಶ ಕೊಡುವ ವೈಟಾಲಿಟಿಗೆ ಹಾಕುವುದೇ ರೂಢಿ. ವಿವಾದವಿರುವುದು ಮೊನಾರ್ಕ್ ಎಂಬ ಗುರಾಣಿಯಲ್ಲಿ. ಅದನ್ನು ಹಿಡಿಯಲು ಬಲವು 156 ಇರಬೇಕು. ಆಕೆಯ ಹುಟ್ಟುಬಲ 10. ಕೊರತೆಯನ್ನು ಅಂಕಗಳಿಂದಲೇ ತುಂಬಿದರೆ 146 ವ್ಯಯವಾಗಿ 292 ಪ್ರಾಣಾಂಶ ಕೈಬಿಡುವುದು. ಆದರೆ ಅದರಲ್ಲಿ ರೂನ್ ಎಂಬ ನಾಲ್ಕು ಅಕ್ಷರಶಿಲೆಗಳನ್ನು ಜೋಡಿಸಿ ರಚಿಸುವ ಸ್ಪಿರಿಟ್ ಎಂಬ ರೂನ್‌ವಾಕ್ಯವು ಸಮಸ್ತ ವಿದ್ಯೆಗಳಿಗೂ ಎರಡೆರಡು ಅಂಕಗಳನ್ನೂ, 25ರಿಂದ 35ರವರೆಗೆ ಮಂತ್ರವೇಗವನ್ನೂ, 22 ವೈಟಾಲಿಟಿಯನ್ನೂ ಒಟ್ಟಿಗೆ ಕೊಡುವುದು. ಹಲವು ಗುಣಕಗಳನ್ನು ಏಕಕಾಲದಲ್ಲಿ ಎತ್ತುವ ವಸ್ತುವಿಗೆ ಈ ಬೆಲೆಯನ್ನು ತೆರುವುದು ಯುಕ್ತವೆಂದೇ ನನ್ನ ಅಭಿಪ್ರಾಯ.

ಇನ್ನು ಎದುರಾಳಿಯ ವಿಚಾರ. ಹೆಲ್ ಘಟ್ಟದಲ್ಲಿ ಅನೇಕ ದೈತ್ಯರ ಪ್ರತಿರೋಧವು ಯಾವುದಾದರೊಂದು ಭೂತಶಕ್ತಿಗೆ 100ನ್ನು ಮುಟ್ಟಿ ಅಥವಾ ಮೀರಿ ನಿಲ್ಲುವುದು. ಬೆಂಕಿಯನ್ನೇ ನಂಬಿದವಳು ಅಂಥವನ ಮುಂದೆ ನಿರಾಯುಧಳು. ಕನ್ವಿಕ್ಷನ್ ಎಂಬ ಪ್ರಭಾವಲಯವು ಪ್ರತಿರೋಧವನ್ನು ಕುಗ್ಗಿಸಬಲ್ಲದಾದರೂ ಇಂಥವರ ಮೇಲೆ ಅದರ ಶಕ್ತಿಯ ಐದರಲ್ಲೊಂದು ಪಾಲು ಮಾತ್ರ ನಡೆಯುವುದು. ಇಲ್ಲಿ ಸರಾಸರಿಯ ಲೆಕ್ಕವು ಮೋಸಗೊಳಿಸುತ್ತದೆ. ಸಮಸಂಖ್ಯೆಯಲ್ಲಿರುವ ಎರಡು ಜಾತಿಯ ಶತ್ರುಗಳ ಮೇಲೆ ಒಬ್ಬಳ ಬಲವು 10 ಮತ್ತು 1, ಇನ್ನೊಬ್ಬಳದು 4 ಮತ್ತು 4 ಎಂದು ಕಲ್ಪಿಸಿಕೊಳ್ಳೋಣ. ಸರಾಸರಿಯಲ್ಲಿ ಮೊದಲನೆಯವಳು 5.5, ಎರಡನೆಯವಳು 4. ಆದರೆ ತಲಾ ಹತ್ತು ಅಂಶ ಪ್ರಾಣವುಳ್ಳ ಇಬ್ಬರು ಶತ್ರುಗಳನ್ನು ಕೊಲ್ಲಲು ಮೊದಲನೆಯವಳಿಗೆ ಹನ್ನೊಂದು ಕ್ಷಣ, ಎರಡನೆಯವಳಿಗೆ ಐದೇ ಕ್ಷಣ. ನಾವು ಖರ್ಚುಮಾಡುವುದು ಕಾಲವನ್ನು; ಕಾಲವು ಬಲದ ವ್ಯುತ್ಕ್ರಮ. ಆದುದರಿಂದ ಬಳಸಬೇಕಾದುದು ಹರಾತ್ಮಕ ಸರಾಸರಿ, ಅದು ದುರ್ಬಲವಾದ ಕೊಂಡಿಯತ್ತಲೇ ವಾಲುವುದು.

ಆ ಕೊಂಡಿಯನ್ನು ಬಲಪಡಿಸಲು ಬೆಂಕಿಗೆ ಜೊತೆಯಾಗಿ ಚಳಿಯನ್ನು ಆರಿಸೋಣ. ಚಳಿಯ ವಿದ್ಯೆಗಳಲ್ಲಿ ಬ್ಲಿಜರ್ಡ್ ಅತ್ಯಂತ ಪ್ರಬಲವಾದರೂ ಅದರ ಪೂರ್ಣಬಲಕ್ಕೆ ಅಂಕಕ್ಕೆ ಶೇಕಡ 5ರಂತೆ ನೆರವಾಗುವ ಮೂರು ಸೋದರವಿದ್ಯೆಗಳನ್ನೂ ತುಂಬಬೇಕು. 80 ಅಂಕಗಳು ಅಲ್ಲಿಗೇ ತೀರಿದವು. ಫ್ರೋಜನ್ ಆರ್ಬ್ ಹಾಗಲ್ಲ. ಅದಕ್ಕಿರುವ ಏಕೈಕ ಸಿನರ್ಜಿಯು ಅಂಕಕ್ಕೆ ಶೇಕಡ 2ನ್ನು ಮಾತ್ರ ಕೊಡುವಂಥದಾದುದರಿಂದ ಅದನ್ನು ಅಲಕ್ಷಿಸಿದರೂ ನಷ್ಟವು ಸ್ವಲ್ಪ; ಇಪ್ಪತ್ತು ಅಂಕಗಳಿಗೆ ಅದು ತನ್ನ ಬಹುಭಾಗ ಬಲವನ್ನು ಬಿಟ್ಟುಕೊಡುವುದು. ಉಳಿದುದನ್ನು ಮೀಟಿಯರ್, ಫೈರ್ ಬಾಲ್, ಫೈರ್ ಮಾಸ್ಟರಿಗಳಿಗೆ ಹಾಕಿ ಬೆಂಕಿ ಚಳಿಗಳೆರಡನ್ನೂ ಕೈಯಲ್ಲಿ ಹಿಡಿಯುವ ಬಿಲ್ಡ್, ಮೀಟಿಯರ್ ಆರ್ಬ್‌ಗಳ ಹೆಸರುಗಳನ್ನು ಬೆಸೆದ ಮೀಟಿಯೋರ್ಬ್ ಎಂಬ ಹೆಸರಿನಿಂದ ಜನಪ್ರಿಯವಾದದ್ದು ಈ ಕಾರಣದಿಂದ.

ಇವೆಲ್ಲವೂ ಬಹುಕಾಲ ಕಾಗದದ ಮೇಲಿನ ಲೆಕ್ಕವಾಗಿಯೇ ಉಳಿಯಬೇಕಾಗಿತ್ತು. ಏಕೆಂದರೆ ಒಮ್ಮೆ ಹಾಕಿದ ಅಂಕವನ್ನು ಹಿಂತೆಗೆಯುವ ಉಪಾಯವಿರಲಿಲ್ಲ, ಹೊಸ ಊಹೆಯೊಂದನ್ನು ಪರೀಕ್ಷಿಸಬೇಕಾದವನು ಹೊಸ ಪಾತ್ರವನ್ನು ಮೊದಲ ಲೆವೆಲಿನಿಂದ ಬೆಳೆಸಬೇಕಾಗಿತ್ತು. 2010ರ ಮಾರ್ಚಿನ ಪರಿಷ್ಕರಣವು ಈ ನಿರ್ಬಂಧವನ್ನು ಸಡಿಲಿಸಿ, ಆರಂಭದ ಕಾರ್ಯವೊಂದನ್ನು ಮುಗಿಸಿದವರಿಗೆ ಪ್ರತಿ ಘಟ್ಟಕ್ಕೆ ಒಂದರಂತೆ ಮೂರು ಪುನರ್ವಿತರಣೆಗಳನ್ನು ಅನುಗ್ರಹಿಸಿತು. ಅಂದಿನಿಂದ ಮೊದಲೆರಡು ಘಟ್ಟಗಳನ್ನು, ಲೆವೆಲ್ 12ಕ್ಕೇ ದೊರೆಯುವ ಫೈರ್ ಬಾಲಿನ ಏಕನಿಷ್ಠೆಯಿಂದ ಶೀಘ್ರವಾಗಿ ದಾಟಿ, ಹೆಲ್‌ನ ಹೊಸ್ತಿಲಿನಲ್ಲಿ 75ರ ಪ್ರತಿರೋಧವನ್ನು ಒದಗಿಸಿಕೊಂಡು, ಅಂಕಗಳನ್ನೆಲ್ಲ ಹಿಂಪಡೆದು ಎರಡು ಭೂತಶಕ್ತಿಗಳಿಗೆ ಮರಳಿ ಹಂಚುವ ಮಾರ್ಗವು ಹೊಸಬನಿಗೂ ತೆರೆದಿದೆ.