ಗೌಡರ ನೀರಿನ ಲೆಕ್ಕ, ಮೇಡಿನ ಮತ

ಹಾಸನ ಜಿಲ್ಲೆಯಲ್ಲಿ ‘ಗೌಡ್ರು’ ಎಂದರೆ ಸಾಕು, ಯಾವ ಗೌಡರು ಎಂದು ಯಾರೂ ಕೇಳುವುದಿಲ್ಲ. 1933ರ ಮೇ 18ರಂದು ಹೊಳೆನರಸೀಪುರ ತಾಲ್ಲೂಕಿನ ಹರದನಹಳ್ಳಿಯಲ್ಲಿ ಹುಟ್ಟಿದ ಎಚ್.ಡಿ. ದೇವೇಗೌಡರು ಬೇಸಾಯದ ಮನೆಯವರು. ಹಾಸನದ ಎಲ್.ವಿ. ಪಾಲಿಟೆಕ್ನಿಕ್‌ನಲ್ಲಿ ಸಿವಿಲ್ ಡಿಪ್ಲೊಮಾ ಮುಗಿಸಿ ಕಂಟ್ರಾಕ್ಟ್ ಕೆಲಸವನ್ನೂ ಮಾಡಿದವರು. ‘ಮಣ್ಣಿನ ಮಗ’ ಎಂಬ ಬಿರುದಿನ ಅಬ್ಬರದಲ್ಲಿ ಈ ಎರಡನೆಯ ಸಂಗತಿ ಮರೆತೇಹೋಗುತ್ತದೆ. ಅವರ ರಾಜಕಾರಣ ಅರ್ಥವಾಗಬೇಕಾದರೆ ಎರಡೂ ಬೇಕು. ಮಳೆ ಕೈಕೊಟ್ಟ ವರ್ಷದ ರಾಗಿ ಹೊಲ ಹೇಗಿರುತ್ತದೆಂದು ರೈತನಿಗೆ ಗೊತ್ತು; ನಾಲೆಯ ಲೆವೆಲ್ ತಪ್ಪಿದರೆ ಕೊನೆಯ ಹಳ್ಳಿಗೆ ನೀರು ಹತ್ತದು ಎಂಬುದು ಕಾಮಗಾರಿ ಮಾಡಿಸಿದವನಿಗೆ ಗೊತ್ತು.

1953ರಲ್ಲಿ ಕಾಂಗ್ರೆಸ್ ಸೇರಿದ ಅವರು 1962ರಲ್ಲಿ ಪಕ್ಷೇತರರಾಗಿ ಹೊಳೆನರಸೀಪುರದಿಂದ ಗೆದ್ದರು. ಆಮೇಲೆ ಆ ಕ್ಷೇತ್ರ 1989ರವರೆಗೂ ಅವರ ಕೈಬಿಡಲಿಲ್ಲ. ದೇವರಾಜ ಅರಸು ಮುಖ್ಯಮಂತ್ರಿಯಾಗಿದ್ದಾಗ ವಿರೋಧ ಪಕ್ಷದ ನಾಯಕ, ತುರ್ತು ಪರಿಸ್ಥಿತಿಯಲ್ಲಿ ಬೆಂಗಳೂರಿನ ಸೆರೆಮನೆ, 1983ರಲ್ಲಿ ರಾಮಕೃಷ್ಣ ಹೆಗಡೆ ಸರ್ಕಾರ ಬಂದಾಗ ಲೋಕೋಪಯೋಗಿ ಮತ್ತು ನೀರಾವರಿ ಖಾತೆ. ಖಾತೆ ಸಿಕ್ಕಿದ್ದಕ್ಕಿಂತ ಅದನ್ನು ಬಿಟ್ಟ ರೀತಿ ಹೆಚ್ಚು ಸ್ವಾರಸ್ಯದ್ದು. ನೀರಾವರಿಗೆ ಕೊಟ್ಟ ಹಣ ಸಾಲದು ಎಂದು 1987ರಲ್ಲಿ ರಾಜೀನಾಮೆ ಕೊಟ್ಟರು. ಹೆಗಡೆಯವರ ಜೊತೆಗಿನ ಮುನಿಸೂ ಅದರಲ್ಲಿ ಬೆರೆತಿತ್ತು ಎನ್ನುವವರಿದ್ದಾರೆ, ಇದ್ದರೂ ಇರಬಹುದು. ಮುನಿಸಿಗೆ ಅವರು ಆರಿಸಿಕೊಂಡ ನೆಪ ಮಾತ್ರ ನೀರೇ.

1994ರ ಡಿಸೆಂಬರ್‌ನಲ್ಲಿ ಮುಖ್ಯಮಂತ್ರಿ. 1996ರ ಜೂನ್ 1ರಂದು, ದೆಹಲಿಯಲ್ಲಿ ದೊಡ್ಡವರೆಲ್ಲ ಒಲ್ಲೆ ಎಂದ ಮೇಲೆ, ಪ್ರಧಾನಿ. ಹನ್ನೊಂದು ತಿಂಗಳು ತುಂಬುವ ಮೊದಲೇ ಕಾಂಗ್ರೆಸ್ ಬೆಂಬಲ ಹಿಂತೆಗೆದುಕೊಂಡಿತು. ಆಗ ಹಾಸನದ ಲೋಕಸಭಾ ಸದಸ್ಯರಾಗಿದ್ದವರು ವೈ.ಎನ್. ರುದ್ರೇಶಗೌಡರು, ಪ್ರಧಾನಿ ಸಂಸತ್ತಿಗೆ ಹೋದದ್ದು ರಾಜ್ಯಸಭೆಯ ಮೂಲಕ. ಇದೇ ರುದ್ರೇಶಗೌಡರು ಮುಂದೆ ಕಾಂಗ್ರೆಸ್ ಸೇರಿ, 2008 ಮತ್ತು 2013ರಲ್ಲಿ ಬೇಲೂರಿನ ಶಾಸಕರಾದರು.

ಬೇಲೂರಿನ ಹೆಸರು ಬಂದ ಮೇಲೆ ಜಿಲ್ಲೆಯ ನೀರಿನ ನಕ್ಷೆಯನ್ನೊಮ್ಮೆ ನೋಡಲೇಬೇಕು. ಗೊರೂರಿನ ಹೇಮಾವತಿ ಜಲಾಶಯದ ನಾಲೆಗಳು ದಕ್ಷಿಣದ ಗದ್ದೆಗಳಿಗೆ ಜೀವ ಕೊಟ್ಟವು. ಬೇಲೂರಿನ ಪಕ್ಕದಲ್ಲೇ ಯಗಚಿ ಅಣೆಕಟ್ಟೆ ಇದೆ. ಅಲ್ಲಿಂದ ಕೂಗಳತೆ ಎನ್ನುವಷ್ಟೇ ದೂರದ ಹಳೇಬೀಡಿನವರು ಯಗಚಿ ನೀರನ್ನು ರಣಘಟ್ಟದಿಂದ ದ್ವಾರಸಮುದ್ರ ಕೆರೆಗೆ ಹರಿಸಿ ಎಂದು ಬೀದಿಗಿಳಿದು ಹೋರಾಡಬೇಕಾಯಿತು. ಹೊಯ್ಸಳೇಶ್ವರ ಗುಡಿ ನೋಡಿ ಬಸ್ ಹತ್ತುವ ಪ್ರವಾಸಿಗರಿಗೆ ಆ ಕೆರೆ ಫೋಟೋದ ಹಿನ್ನೆಲೆ. ಸುತ್ತಲಿನ ರೈತರಿಗೆ ಬೋರ್‌ವೆಲ್‌ನ ಆಯುಸ್ಸು. ಇನ್ನೂ ಪೂರ್ವಕ್ಕೆ ಹೋದರೆ ಅರಸೀಕೆರೆ: ತೆಂಗು, ರಾಗಿ, ರೈಲ್ವೆ ಜಂಕ್ಷನ್. ತಾಲ್ಲೂಕಿನ ಬಹುಭಾಗದ ಮಳೆನೀರು ಕಾವೇರಿಗಲ್ಲ, ವೇದಾವತಿಯ ಕಡೆಗೆ ಇಳಿಯುತ್ತದೆ. ಮಳೆ ಹೋದರೆ ತೆಂಗಿನ ಗರಿ ಜೋತುಬೀಳುತ್ತದೆ, ಕೊಬ್ಬರಿಯ ಬೆಲೆ ಬಿದ್ದರೆ ಮನೆಯ ಲೆಕ್ಕವೂ ಬೀಳುತ್ತದೆ.

ಗೌಡರ ಹಿಡಿತ ಸಡಿಲವಾಗುವುದು ಇಂಥ ಕಡೆಯಲ್ಲೇ. ಜಾತಿಯ ಲೆಕ್ಕವೂ ಇಲ್ಲಿ ಬೇರೆ, ಅದನ್ನು ಮುಚ್ಚಿಟ್ಟು ಬರೆಯುವುದರಲ್ಲಿ ಅರ್ಥವಿಲ್ಲ. ಅರಸೀಕೆರೆಯ ಕೆ.ಎಂ. ಶಿವಲಿಂಗೇಗೌಡರು 2008ರಿಂದ ಸತತ ಮೂರು ಬಾರಿ ಗೌಡರ ಪಕ್ಷವಾದ ಜೆಡಿಎಸ್‌ನಿಂದ ಗೆದ್ದು, 2023ರಲ್ಲಿ ಕಾಂಗ್ರೆಸ್‌ಗೆ ಹೋಗಿ ನಾಲ್ಕನೆಯ ಬಾರಿಯೂ ಗೆದ್ದರು. ಪಕ್ಷ ಬದಲಾಯಿತು, ಶಾಸಕ ಬದಲಾಗಲಿಲ್ಲ. ಅದೇ ಚುನಾವಣೆಯಲ್ಲಿ ಬೇಲೂರು ಬಿಜೆಪಿ ಪಾಲಾಯಿತು. ಹೊಳೆನರಸೀಪುರ ಮಾತ್ರ ಗೌಡರ ಮನೆಯಲ್ಲೇ ಉಳಿಯಿತು.

ಇಷ್ಟಾದರೂ ನೀರಿನ ವಿಷಯದಲ್ಲಿ ಅವರ ಹಟವನ್ನು ವಿರೋಧಿಗಳೂ ಅಲ್ಲಗಳೆಯುವುದಿಲ್ಲ. 2016ರ ಅಕ್ಟೋಬರ್ 1ರಂದು, 83ರ ವಯಸ್ಸಿನಲ್ಲಿ, ಕಾವೇರಿ ಮಂಡಳಿ ರಚಿಸಬೇಕೆಂಬ ಸುಪ್ರೀಂ ಕೋರ್ಟ್ ಆದೇಶದ ವಿರುದ್ಧ ವಿಧಾನಸೌಧದ ಬಳಿ ಗಾಂಧಿ ಪ್ರತಿಮೆಯ ಎದುರು ಉಪವಾಸ ಕೂತರು. ಟಿಎಂಸಿ ಅಂಕಿಗಳ ಕಡತ ಹಿಡಿದು ಸದನದಲ್ಲಿ ಗಂಟೆಗಟ್ಟಲೆ ಮಾತನಾಡುವುದು ಅವರ ಹಳೆಯ ಅಭ್ಯಾಸ.

ಕುಟುಂಬ ರಾಜಕಾರಣದ ಆರೋಪವೂ ಅಷ್ಟೇ ಹಳೆಯದು, ಅದಕ್ಕೆ ಅವರು ತೃಪ್ತಿಕರ ಉತ್ತರ ಕೊಟ್ಟದ್ದಿಲ್ಲ. 2019ರಲ್ಲಿ ಹಾಸನವನ್ನು ಮೊಮ್ಮಗ ಪ್ರಜ್ವಲ್‌ಗೆ ಬಿಟ್ಟುಕೊಟ್ಟು ತುಮಕೂರಿಗೆ ಹೋದ ಅಜ್ಜ ಸೋತರು, ಮೊಮ್ಮಗ ಗೆದ್ದ. 2024ರಲ್ಲಿ, ಮತದಾನದ ಆಸುಪಾಸಿನಲ್ಲೇ ಲೈಂಗಿಕ ದೌರ್ಜನ್ಯದ ಆರೋಪಗಳು ಹೊರಬಿದ್ದು, ಪ್ರಜ್ವಲ್ ಕಾಂಗ್ರೆಸ್‌ನ ಶ್ರೇಯಸ್ ಪಟೇಲ್ ಎದುರು ಸೋತರು. ಶ್ರೇಯಸ್ ಯಾರೆಂದರೆ, 1999ರಲ್ಲಿ ಇದೇ ಹಾಸನದಲ್ಲಿ ದೇವೇಗೌಡರನ್ನು ಸೋಲಿಸಿದ್ದ ಜಿ. ಪುಟ್ಟಸ್ವಾಮಿಗೌಡರ ಮೊಮ್ಮಗ.